ಇಮಾಮಬಿಯ ಬಿಲ್ಲು

ಇಮಾಮಬಿ ಹತ್ತಿ ಹಿಂಜುವವಳು. ವಿಜಾಪುರದ ಕಡೆಯಿಂದ ಗಂಡ ಗನಿಸಾಬನ ಜೊತೆ ಮುಂಬಯಿಗೆ ಬಂದು, ಕುರ್ಲಾದ ಚಾಳಿನಲ್ಲಿ ನನ್ನ ಪಕ್ಕದ ಖೋಲಿಯಲ್ಲಿ ಸಂಸಾರ ಹೂಡಿದ್ದಳು. ಹತ್ತಿಯ ಧೂಳು ಎದೆಗಿಳಿದು ಗನಿಸಾಬ ತೀರಿಕೊಂಡ ಮೇಲೆ ಹತ್ತಿ ಹಿಂಜುವ ಅವನ ಬಿಲ್ಲನ್ನು ತಾನೇ ಹೆಗಲಿಗೇರಿಸಿದಳು. ಆಳೆತ್ತರದ ಬಿಲ್ಲು ಹೊತ್ತ ಹೆಂಗಸನ್ನು ಕಂಡು ಘಾಟ್ಕೋಪರಿನ ವಾಚಮನ್‌ಗಳು ಮೊದಮೊದಲು ನಕ್ಕರು. ಆಮೇಲೆ ಆ ಬಿಲ್ಡಿಂಗುಗಳ ಹೆಂಗಸರು ಗಾದಿ ಹಿಂಜಿಸಲು ಅವಳ ದಾರಿಯನ್ನೇ ಕಾಯತೊಡಗಿದರು. ಅವಳು ಹತ್ತಿ ಕದಿಯುತ್ತಿರಲಿಲ್ಲ.

ಎಪ್ಪತ್ನಾಲ್ಕರಲ್ಲಿ ಒಂದು ಮಧ್ಯಾಹ್ನ ಅವಳು ಫುಟ್‌ಪಾತಿನಲ್ಲಿ ಕೂತು ಹಿಂಜುತ್ತಿದ್ದಾಗ ಮುನಿಸಿಪಾಲಿಟಿಯ ವಾರ್ಡಿನ ಗಾಡಿ ಬಂದು ಬಿಲ್ಲನ್ನು ಎತ್ತಿ ಹಾಕಿಕೊಂಡು ಹೋಯಿತು. ರಸ್ತೆಗೆ ಅಡ್ಡಿಯಂತೆ! ಪಕ್ಕದಲ್ಲೇ ಒಬ್ಬ ಶೇಠಜಿಯ ಕೆಟ್ಟ ಮೋಟಾರು ವರ್ಷಗಟ್ಟಲೆ ನಿಂತಿತ್ತು. ಅದಕ್ಕೆ ಯಾರೂ ಕೈ ಹಚ್ಚಿರಲಿಲ್ಲ.

ಬೆಳಗಾವಿ ಕಡೆಯ ವಕೀಲ ಧರ್ಮಣ್ಣ ಫೀ ಇಲ್ಲದೆ ಕೇಸು ನಡೆಸಿದರು. ಬಿಲ್ಲನ್ನು ಮರಳಿ ಕೊಡಿ ಎಂದು ಕೋರ್ಟು ಹೇಳಿತು. ವಾರ್ಡಿನವರು ಕೊಡಲಿಲ್ಲ. ನ್ಯಾಯಾಂಗ ನಿಂದನೆಯ ಅರ್ಜಿ ಹಾಕಿದೆವು. ಪ್ರತಿ ತಾರೀಖಿಗೂ ಒಬ್ಬ ಬಡಪಾಯಿ ಗುಮಾಸ್ತ ಬಂದು, "ಹುಡುಕುತ್ತಿದ್ದೇವೆ" ಎಂದು ಹೋಗುತ್ತಿದ್ದ. ಜಪ್ತಿ ಮಾಡಿದ ಸಾಮಾನಿನ ಗೋದಾಮು ಯಾರ ಕೈಯಲ್ಲಿದೆ ಎಂದು ಜಡ್ಜರು ಕೇಳಿದರೆ ಫ್ಯಾನು ನೋಡುತ್ತಿದ್ದ. ಇಮಾಮಬಿ ಆ ಬಿಲ್ಡಿಂಗುಗಳಲ್ಲೇ ಮುಸುರೆ ತಿಕ್ಕಿ ಹೊಟ್ಟೆ ಹೊರೆಯುತ್ತಿದ್ದಳು.

"ದೊಡ್ಡ ಸಾಹೇಬ್ರನ್ನ ಕೋರ್ಟಿಗೆ ಕರಸಿದ್ರ ಹತ್ತು ಮಂದಿ ಕೆಲಸಾ ನಿಂತಾವು ಇಮಾಮಬಿ" ಎಂದರು ಧರ್ಮಣ್ಣ.

"ನನ್ನ ಕೆಲಸಾ ನಿಂತೈತಲ್ರಿ ವಕೀಲಸಾಬ್, ಅದು ಯಾರ ಲೆಕ್ಕದಾಗ?"

ಕೊನೆಗೆ ಜಡ್ಜರಿಗೇ ಸಾಕಾಯಿತು. ಇನ್ನು ಗುಮಾಸ್ತ ಬೇಡ, ವಾರ್ಡಿನ ಅಧಿಕಾರಿಯೇ ಬರಲಿ ಎಂದರು.

ಸಾಹೇಬರು ಬಂದರು, ಇಸ್ತ್ರಿ ಅಂಗಿ, ಹಿಂದೆ ನಾಲ್ಕು ಜನ ಜೀಹುಜೂರುಗಳು. ಆಗ ನಿಜ ಹೊರಬಿತ್ತು. ಕೋರ್ಟಿನ ಆದೇಶ ಕೈಗೆ ಬಂದ ಮೇಲೆಯೇ ಗೋದಾಮಿನವರು ಬಿಲ್ಲನ್ನು ಒಡೆದು ಒಲೆಗೆ ಹಾಕಿದ್ದರು. ಗನಿಸಾಬನ ಬಿಲ್ಲು ಯಾರದೋ ಚಹಾಕ್ಕೆ ಉರಿದಿತ್ತು. ಇಷ್ಟು ದಿನ ಹುಡುಕಿದ್ದೇನು, ಬೂದಿಯನ್ನೇ?

ಸಾಹೇಬರು ಜಡ್ಜರಿಗೆ ಕೈಮುಗಿದು ಬೇಷರತ್ ಕ್ಷಮೆ ಕೇಳಿದರು. ಅವರ ಬೆನ್ನು ಇಮಾಮಬಿಯ ಕಡೆಗಿತ್ತು. ಅರ್ಜಿದಾರಳು ಏನನ್ನುತ್ತಾಳೆ ಎಂದು ಜಡ್ಜರು ಕೇಳಿದರು. ಧರ್ಮಣ್ಣ ಇಂಗ್ಲಿಷಿನಲ್ಲಿ, "ಆಕೆಗೆ ಸಮಾಧಾನವಾಗಿದೆ" ಎಂದುಬಿಟ್ಟರು. ನಾಳೆ ಇದೇ ಸಾಹೇಬರ ಬಾಗಿಲಿಗೆ ಹೋಗಬೇಕಾದ ವಕೀಲರಲ್ಲವೇ!

"ಏನಂದ್ರು ಕಾಶಪ್ಪಣ್ಣಾ?" ಎಂದು ಇಮಾಮಬಿ ನನ್ನನ್ನು ಕೇಳಿದಳು. ನಾನು ಇದ್ದದ್ದು ಇದ್ದ ಹಾಗೆ ಹೇಳಿದೆ.

ಅವಳು ಎದ್ದು ನಿಂತು ತನ್ನ ದಖನಿ ಉರ್ದುವಿನಲ್ಲಿ ಕೂಗಿದಳು: ನಾನು ಹಾಗೆ ಅಂದಿಲ್ಲ, ಬಿಲ್ಲು ಹೋದದ್ದು ನನ್ನದು, ಮಾಫಿ ಕೇಳುವುದು ಜಡ್ಜರನ್ನಾ? ಪೊಲೀಸನೊಬ್ಬ ಬಾಯಿ ಮುಚ್ಚಿಸಲು ಬಂದ. ಜಡ್ಜರು ಅವನನ್ನು ಕೈಸನ್ನೆಯಿಂದ ತಡೆದರು. ಧರ್ಮಣ್ಣ ತಲೆ ತಗ್ಗಿಸಿದರು. ಕ್ಷಮೆಯನ್ನು ಸದ್ಯಕ್ಕೆ ಒಪ್ಪುವುದಿಲ್ಲ, ಹೊಸ ಬಿಲ್ಲು ಮಾಡಿಸಿ ಅಧಿಕಾರಿಯೇ ತಂದುಕೊಡಬೇಕು, ಅಲ್ಲಿಯವರೆಗೆ ಪ್ರತಿ ತಾರೀಖಿಗೂ ಅವರೇ ಹಾಜರಾಗಬೇಕು ಎಂದು ಆದೇಶವಾಯಿತು.

ತಿಂಗಳುಗಟ್ಟಲೆ ಸಿಗದ ಬಿಲ್ಲಿನ ಬದಲು ಮುಂದಿನ ತಾರೀಖಿಗೇ ಹೊಸದನ್ನು ಸಾಹೇಬರು ತಂದುಕೊಟ್ಟರು. ಇಮಾಮಬಿ ತಂತಿ ಮೀಟಿ ನೋಡಿ, ಬಿಲ್ಲು ಮುಟ್ಟಿತೆಂಬ ಕಾಗದಕ್ಕೆ ಹೆಬ್ಬೆಟ್ಟು ಒತ್ತಿದಳು. ಹೊರಗೆ ಮೆಟ್ಟಿಲ ಬಳಿ ಸಾಹೇಬರು ನಗುತ್ತ, "ಕಾಯ್ ಬಾಯಿ, ಆತಾ ಖುಷ್?" ಎಂದರು, ಏನಮ್ಮಾ ಈಗ ಖುಷಿಯೇ ಎಂದು.

ಅವಳು ನಗಲಿಲ್ಲ. ಅವರ ಮುಖವನ್ನೇ ನೋಡುತ್ತ ಕನ್ನಡದಲ್ಲೇ ಹೇಳಿದಳು: "ನನ್ನ ಗಂಡನ ಬಿಲ್ಲು ಸುಟ್ಟವ್ರ ಕೈಯಾಗಿಂದ ಇದನ್ನ ಇಸಗೊಂಡೀನಿ, ಹೊಟ್ಟಿ ಸಲುವಾಗಿ. ಖುಷಿ ಅದೀ ಏನಂತ ಕೇಳಬ್ಯಾಡ್ರಿ."

ಸಾಹೇಬರಿಗೆ ಅರ್ಥವಾಗಲಿಲ್ಲ. ಒಂದು ಮಾತನ್ನೂ ಮೆತ್ತಗೆ ಮಾಡದೆ ನಾನು ಅವರಿಗೆ ಮರಾಠಿಯಲ್ಲಿ ಹೇಳಿದೆ.