ಎದುರುಮನೆ ಅಕ್ಕನ ಹಣೆ

ಅರಸೀಕೆರೆಯಲ್ಲಿ ನಮ್ಮ ಎದುರುಮನೆಯ ಅಕ್ಕ ಸಿನಿಮಾ ನಟಿ ಅಂದರೆ ಹೊರಗಿನವರು ನಂಬುತ್ತಿರಲಿಲ್ಲ. ಗಂಡನದು ಕೊಬ್ಬರಿ ಮಂಡಿ. ಆಕೆ ನಟಿಸಿದ್ದೆಲ್ಲ ಗೆಳೆಯರು ಚಂದಾ ಹಾಕಿಕೊಂಡು ತೆಗೆಯುವ ಸಣ್ಣ ಸಿನಿಮಾಗಳಲ್ಲಿ. ಒಂದೂ ನಮ್ಮೂರ ಟಾಕೀಸಿಗೆ ಬರಲಿಲ್ಲ. "ಏನವ್ವಾ, ನಿನ್ ಪಿಚ್ಚರ್ ಯಾವಾಗ್ ಬತ್ತೈತೆ?" ಎಂದು ಬೀದಿಯವರು ಕೆಣಕಿದರೆ, ಸೆರಗನ್ನು ಸೊಂಟಕ್ಕೆ ಸಿಕ್ಕಿಸಿ, "ನೋಡೋರು ನೋಡ್ತಾರೆ ಬಿಡಿ" ಎನ್ನುತ್ತಿದ್ದಳು.

ಕೊನೆಗೊಮ್ಮೆ ಮುಖ್ಯಪಾತ್ರ ಸಿಕ್ಕಿತು, ವಿಧವೆಯದು. ಅತ್ತೆ ಬಾಗಿಲಿಗೆ ಅಡ್ಡ ನಿಂತರು. "ಗಂಡ ಗುಂಡುಕಲ್ಲಿನಂಗೆ ಇರುವಾಗ ಕುಂಕುಮ ಅಳಿಸ್ತೀಯೇನೇ?"

"ಅವರು ಗಟ್ಟಿಯಾಗವ್ರೆ ಅಂತ್ಲೇ ನಂಗೆ ಧೈರ್ಯ, ಅತ್ತೆ" ಎಂದವಳೇ ನನ್ನನ್ನೂ ಎಳೆದುಕೊಂಡು ಹಳೇಬೀಡಿನ ಬಸ್ಸು ಹತ್ತಿದಳು.

ಹಳೇಬೀಡಿನ ಪಕ್ಕದ ಬಸ್ತಿಹಳ್ಳಿಯ ಒಂದು ಮನೆಯಲ್ಲಿ ಚಿತ್ರೀಕರಣ. ಅಕ್ಕ ಬಳೆ ತೆಗೆದಳು, ಕುಂಕುಮ ಒರೆಸಿಕೊಂಡಳು; ದಿನಾ ಹಚ್ಚುವ ಮೂರೆಳೆ ವಿಭೂತಿಯನ್ನು ಮಾತ್ರ ಮುಟ್ಟಲಿಲ್ಲ. "ವಿಭೂತಿನೂ ಒರೆಸ್ಕೊಳ್ಳಿ. ಬೋಳು ಹಣೆ ಇಲ್ದಿದ್ರೆ ನೋಡೋರಿಗೆ ವಿಧವೆ ಅನ್ಸಲ್ಲ" ಎಂದ ನಿರ್ದೇಶಕ.

"ಗಂಡ ಸತ್ರೆ ಶಿವನೂ ಸಾಯ್ತಾನೇನ್ರೀ? ನಮ್ಮಜ್ಜಿ ಗಂಡ ಹೋದ್ಮೇಲೂ ಕೊನೇಗಂಟ ವಿಭೂತಿ ಬಿಡ್ಲಿಲ್ಲ. ನೋಡೋರು ನೋಡ್ತಾರೆ ಬಿಡಿ."

"ಹಂಗಾದ್ರೆ ಬೇರೆಯವರನ್ನ ಕರೀಬೇಕಾಗುತ್ತೆ."

"ಕರೀರಿ."

ಬಳೆ ಮತ್ತೆ ತೊಟ್ಟು ಚಪ್ಪಲಿ ಮೆಟ್ಟಿದ ಅಕ್ಕನನ್ನು ನಿರ್ದೇಶಕ ಅಂಗಳಕ್ಕೆ ಓಡಿಬಂದು ತಡೆದ. ವಿಭೂತಿ ಉಳಿಯಿತು.

ಆ ಸಿನಿಮಾವೂ ಟಾಕೀಸಿಗೆ ಬರಲಿಲ್ಲ. ಒಂದು ಸಂಜೆ ಮಂಡಿಯ ಗೋಡೆಗೆ ಬಿಳಿ ಪಂಚೆ ಕಟ್ಟಿ ನಾವೇ ತೋರಿಸಿದೆವು. ಗೋಡೆಯಗಲದ ಹಣೆಯ ಮೇಲೆ ಮೂರು ಬಿಳಿ ಗೆರೆ ಮೂಡಿದಾಗ ಬೀದಿಗೆ ಬೀದಿಯೇ ಕತ್ತೆತ್ತಿ ನೋಡಿತು. ಮುಂದೆ ಕೂತಿದ್ದ ಅತ್ತೆ ಮಾತ್ರ ಹಿಂದಕ್ಕೆ ತಿರುಗಿ ಗದರಿದರು:

"ಪಿಚ್ಚರ್ ಯಾವಾಗ್ ಬತ್ತೈತೆ ಅಂತಿದ್ದೋನು ಯಾವನೋ ಅವನು?"