ಸಾಬವ್ವ ಮಗಳ ಕಣ್ಣು ನೋಡಿದ್ದು

ತಾಯಪ್ಪನ ಎಡಗಣ್ಣಿನೊಳಗೆ ಏನೋ ಬೆಳ್ಳಗೆ ಹೊಳೆದದ್ದನ್ನು ಮೊದಲು ಕಂಡವಳು ಅವನ ತಾಯಿ ಸಾಬವ್ವನೇ. ಕೂಸು ಆಗಿನ್ನೂ ಅಂಬೆಗಾಲಿಡುತ್ತಿತ್ತು. ಕಂದೀಲಿನ ಬೆಳಕಿನಲ್ಲಿ ತೊಡೆಯ ಮೇಲೆ ಹಾಕಿಕೊಂಡು ಹಾಲು ಕುಡಿಸುವಾಗ ಅದು ಮುಖ ಹೊರಳಿಸಿತೆಂದರೆ ಪಾಪೆಯ ನಡುವೆ ಬೆಕ್ಕಿನ ಕಣ್ಣಿನ ಹಾಗೆ ಮಿಂಚು. ಅತ್ತೆ ಮರೆಮ್ಮನನ್ನು ಕರೆದು ತೋರಿಸಿದಳು.

"ದೃಷ್ಟಿ ಆಗ್ಯಾದ," ಎಂದಳು ಮರೆಮ್ಮ. "ದೊಡ್ಡಾಂವ ಆದ್ರ ತಾನ ಹೋಗ್ತದ."

ಅದು ೧೯೭೫ರ ಮಾತು. ಯಾದಗಿರಿ ಕಡೆಯ ಜನ ಪುಣೆಗೆ ದುಡಿಯಲು ಬಂದು ಹಡಪಸರದಲ್ಲಿ ತಗಡಿನ ಸಾಲುಮನೆಗಳಲ್ಲಿ ಇಳಿದುಕೊಂಡಿದ್ದರು. ಸಾಬವ್ವನ ಗಂಡ ಜಟ್ಟೆಪ್ಪ ಅಲ್ಲಿಯ ಕಾರ್ಖಾನೆಯೊಂದರಲ್ಲಿ ಮಾಲು ಹೊರುತ್ತಿದ್ದ. ಮರೆಮ್ಮ ಉಪ್ಪು ಮೆಣಸಿನಕಾಯಿ ನಿವಾಳಿಸಿದಳು, ಊರಿಗೆ ಹೋಗಿ ತಾಯತ ಕಟ್ಟಿಸಿಕೊಂಡು ಬಂದಳು. ಮಿಂಚು ಹೋಗಲಿಲ್ಲ. ಕಣ್ಣು ಕೆಂಪಾಗಿ ಬಾತು ಮುಂದೆ ಬಂದ ಮೇಲೆ ಶಹರಿನ ದೊಡ್ಡ ದವಾಖಾನೆಗೆ ಒಯ್ದರು. ಕಣ್ಣೊಳಗೆ ಗಡ್ಡೆ ಬೆಳೆದಿದೆ, ಅದು ತಲೆಗೆ ಏರಿಬಿಟ್ಟಿದೆ ಎಂದು ಅಲ್ಲಿಯ ಡಾಕ್ಟರ್ ಬಾಯಿ ಹೇಳಿದಳು. ಮೂರು ತುಂಬುವ ಮೊದಲೇ ತಾಯಪ್ಪ ತೀರಿಕೊಂಡ.

ಆ ಡಾಕ್ಟರ್ ಬಾಯಿ ನಡುವಯಸ್ಸಿನ ಮರಾಠಿ ಹೆಂಗಸು, ಮಾತು ಕಡಿಮೆ. ಸಾಬವ್ವನಿಗೆ ತಿಳಿಯಲೆಂದು ಮರಾಠಿಯನ್ನು ಬಿಡಿಸಿ ಬಿಡಿಸಿ ಹೇಳಿದಳು: ಈ ರೋಗ ಕೆಲವು ಮನೆಗಳಲ್ಲಿ ಬೆನ್ನಿಗೆ ಬಂದ ಕೂಸಿಗೂ ಬರುತ್ತದೆ, ಬರಲೇಬೇಕೆಂದೇನೂ ಇಲ್ಲ, ಆದರೆ ಇನ್ನೊಂದು ಹುಟ್ಟಿದರೆ ಮೊದಲ ತಿಂಗಳಲ್ಲೇ ಎತ್ತಿಕೊಂಡು ಬಾ.

ಮರುವರ್ಷ ಹೆಣ್ಣುಮಗು ಹುಟ್ಟಿತು. ಮಾನಮ್ಮ ಎಂದು ಹೆಸರಿಟ್ಟು ಮಾನಿ ಎಂದು ಕರೆದರು. ಬಾಣಂತನದ ಬಟ್ಟೆ ಬಿಚ್ಚುವ ಮೊದಲೇ ಸಾಬವ್ವ ಕೂಸನ್ನು ಸೆರಗಿನಲ್ಲಿ ಸುತ್ತಿಕೊಂಡು ಬಸ್ಸು ಹತ್ತಿದಳು. ಮರೆಮ್ಮ ಬಾಗಿಲಲ್ಲಿ ನಿಂತು ನೋಡಿದಳು. ಮೊಮ್ಮಗ ಹೋದ ಮೇಲೆ ಆಕೆ ಕೂಸುಗಳ ವಿಷಯದಲ್ಲಿ ಬಾಯಿ ತೆರೆಯುವುದನ್ನೇ ಬಿಟ್ಟಿದ್ದಳು.

ದವಾಖಾನೆಯಲ್ಲಿ ಹಸುಗೂಸಿಗೆ ಮತ್ತು ಬರುವ ಔಷಧ ಕೊಟ್ಟು, ಕಣ್ಣಿಗೆ ಹನಿ ಹಾಕಿ, ರೆಪ್ಪೆ ಬಿಡಿಸಿ ದೀಪದಿಂದ ಒಳಗೆ ನೋಡುತ್ತಿದ್ದರು. ಕೂಸಿನ ಕೈಕಾಲು ಜೋತುಬಿದ್ದು ಬಾಯಿ ಅರೆತೆರೆಯುವುದನ್ನು ಕಂಡರೆ ಸಾಬವ್ವನಿಗೆ ತಾಯಪ್ಪನ ಕೊನೆಯ ದಿನವೇ ಕಣ್ಮುಂದೆ ಬರುತ್ತಿತ್ತು. ಮಾನಿ ಎಚ್ಚರಾಗಿ ಅತ್ತಾಗಲೇ ಆಕೆ ಉಸಿರು ಬಿಡುತ್ತಿದ್ದಳು. "ಸ್ವಚ್ಛ ಆಹೆ," ಎನ್ನುತ್ತಿದ್ದಳು ಡಾಕ್ಟರ್ ಬಾಯಿ. ಏನೂ ಇಲ್ಲ, ಚೊಕ್ಕ ಇದೆ. ಆ ಒಂದು ಮಾತಿನ ಬಲದ ಮೇಲೆ ಸಾಬವ್ವ ಮುಂದಿನ ಸಲದವರೆಗೆ ಬದುಕುತ್ತಿದ್ದಳು. ಆದರೆ ನಡುವಿನ ತಿಂಗಳುಗಳು ಉದ್ದವಾಗಿದ್ದವು.

ಮಾನಿ ಎಚ್ಚರವಿದ್ದಾಗ ಮಾಡುವ ಪರೀಕ್ಷೆಗಳೂ ಇದ್ದವು. ಕರಿ ಬಿಳಿ ಪಟ್ಟೆ ಬಳಿದ ಡೋಲಿನಂಥದ್ದನ್ನು ಕೂಸಿನ ಮುಂದೆ ಮೆಲ್ಲಗೆ ತಿರುಗಿಸಿದರೆ, ಕಣ್ಣು ಪಟ್ಟೆಯ ಹಿಂದೆ ಸರಿದು ಮತ್ತೆ ಜಿಗಿದು ವಾಪಸು ಬರುತ್ತಿತ್ತು. ಒಂದು ಕಣ್ಣನ್ನು ಅಂಗೈಯಿಂದ ಮುಚ್ಚಿ ಕೂಸು ಕಿರಿಕಿರಿ ಮಾಡುತ್ತದೆಯೇ ಎಂದು ನೋಡುವುದು. ಇನ್ನೊಂದು, ಬಣ್ಣದ ಸಕ್ಕರೆ ಮೆತ್ತಿದ ಸೋಂಪಿನ ಕಾಳುಗಳನ್ನು ಮೇಜಿನ ಮೇಲೆ ಚೆಲ್ಲುವುದು; ಸಣ್ಣ ಕಾಳನ್ನು ಮಗು ಕಂಡು ಎತ್ತಿಕೊಂಡರೆ ಕಣ್ಣು ಚೆನ್ನಾಗಿದೆ ಎಂದರ್ಥ. ಸಾಬವ್ವ ಅದನ್ನೆಲ್ಲ ಒಂದೂ ಬಿಡದೆ ನೋಡಿಕೊಂಡಳು. ಮನೆಗೆ ಬಂದು ತಾನೂ ಶುರುಮಾಡಿದಳು.

ಮೊದಲು ಸಾಬೂದಾಣಿ ಚೆಲ್ಲಿದಳು, ಆಮೇಲೆ ಸಾಸಿವೆ, ಆಮೇಲೆ ಗಸಗಸೆ. ಮಾನಿ ಚಿವುಟಿ ಎತ್ತಿ ಬಾಯಿಗಿಟ್ಟುಕೊಳ್ಳುತ್ತಿದ್ದಳು. ಮಗು ಆಟದ ನಡುವೆ ಇರಲಿ, ಉಣ್ಣುತ್ತಿರಲಿ, ತಾಯಿಯ ಅಂಗೈ ಬಂದು ಒಂದು ಕಣ್ಣು ಮುಚ್ಚಿತೆಂದರೆ ಮುಚ್ಚಿತು. ಬೆಳಿಗ್ಗೆ ಎದ್ದ ಕೂಡಲೇ ಬಾಗಿಲ ಬೆಳಕಿಗೆ ಮುಖ ಹಿಡಿದು ಪಾಪೆ ನೋಡುತ್ತಿದ್ದಳು, ದೀಪ ಹಚ್ಚಿದ ಮೇಲೆ ಮತ್ತೊಮ್ಮೆ. ಮಗು ಎಲ್ಲೋ ನೋಡುತ್ತ ಒಂದು ಕಾಳು ಎತ್ತದೆ ಬಿಟ್ಟರೂ ಸಾಬವ್ವನ ಮುಖ ಬೂದಿಯಾಗುತ್ತಿತ್ತು. ಗೋಡೆಗೆ ಒರಗಿ ಕುಳಿತಳೆಂದರೆ ಒಲೆ ಹೊತ್ತುತ್ತಿರಲಿಲ್ಲ.

"ಕೂಸಿಗಿ ಆಡ್ಲಿಕ್ಕಿ ಬಿಡು," ಎಂದು ಜಟ್ಟೆಪ್ಪ ಒಮ್ಮೆ ಹೇಳಿದ. "ಏನೂ ಆಗಿಲ್ಲ ಅಂತ ಡಾಕ್ಟರ ಹೇಳ್ಯಾರ."

"ತಾಯಪ್ಪಗೂ ಏನೂ ಆಗಿಲ್ಲ ಅಂತನ ಅಂದ್ರಲ್ರಿ ಎಲ್ಲಾರೂ," ಎಂದಳು ಸಾಬವ್ವ. ಜಟ್ಟೆಪ್ಪ ಅಂಗಿ ತೊಟ್ಟುಕೊಂಡು ಹೊರಗೆ ಹೋದ.

ಮಾನಿಗೆ ನಾಲ್ಕು ತುಂಬಿದಾಗ ಹಡಪಸರದ ಕೆಲಸ ನಿಂತು ಅವರು ತಳೇಗಾಂವ ದಾಭಾಡೆಗೆ ಹೋದರು. ಅಲ್ಲಿ ಹೊಸ ಕಾರ್ಖಾನೆಗಳ ಕಟ್ಟಡ ಏಳುತ್ತಿತ್ತು, ಗಂಡ ಹೆಂಡತಿ ಇಬ್ಬರಿಗೂ ಕೆಲಸ ಸಿಕ್ಕಿತು. ಹೊರಡುವ ಮೊದಲು ಡಾಕ್ಟರ್ ಬಾಯಿ ಕೊನೆಯ ಸಲ ಕಣ್ಣಿನೊಳಗೆ ನೋಡಿ, "ಗಡ್ಡೆಯ ಭಯ ಬಹಳಮಟ್ಟಿಗೆ ಕಳೆಯಿತು. ಆದರೂ ವರ್ಷಕ್ಕೊಮ್ಮೆ ಬಾ. ಇನ್ನು ಮೇಲೆ ಗೋಡೆಯ ತಕ್ತೆಯ ಗುರುತು ತೋರಿಸಿ ದೃಷ್ಟಿಯನ್ನೂ ಅಳೆಯಬೇಕು," ಎಂದು ಹೇಳಿದ್ದಳು. ಸಾಬವ್ವ ಹೂಂ ಎಂದಿದ್ದಳು. ಆದರೆ ತಾಯಪ್ಪನನ್ನು ನೆನಪಿಸುವ ಆ ದವಾಖಾನೆಯ ಹೊಸಿಲು ಮತ್ತೆ ತುಳಿಯಲು ಆಕೆಗೆ ಮನಸ್ಸಿರಲಿಲ್ಲ. ತಕ್ತೆ ತಾನೇ, ಮನೆಯಲ್ಲೇ ನೋಡಿದರಾಯಿತು ಎಂದುಕೊಂಡಳು.

ಆ ತಕ್ತೆಯನ್ನು ಆಕೆ ದವಾಖಾನೆಯ ಗೋಡೆಯ ಮೇಲೆ ಕಂಡಿದ್ದಳು. ಓದು ಬರದ ಮಕ್ಕಳಿಗೆಂದು ಮೂರು ಹಲ್ಲಿನ ಬಾಚಣಿಗೆಯಂಥ ಒಂದೇ ಗುರುತು ಮೇಲಿನಿಂದ ಕೆಳಗೆ ಸಣ್ಣದಾಗುತ್ತ ಹೋಗುತ್ತದೆ. ಹಲ್ಲು ಒಮ್ಮೆ ಮೇಲೆ, ಒಮ್ಮೆ ಕೆಳಗೆ, ಒಮ್ಮೆ ಆ ಕಡೆ, ಒಮ್ಮೆ ಈ ಕಡೆ. ಹಲ್ಲು ಯಾವ ಕಡೆಗಿದೆ ಎಂದು ಮಗು ಕೈಯಿಂದ ತೋರಿಸಬೇಕು. ಪಕ್ಕದ ಜೋಪಡಿಯಲ್ಲಿ ಬೋರ್ಡು ಬರೆಯುವ ಗೂಳಪ್ಪ ಇದ್ದ. ಅವನು ಹಳೆಯ ಕ್ಯಾಲೆಂಡರಿನ ಬೆನ್ನಿಗೆ ಕರಿ ಬಣ್ಣದಲ್ಲಿ ಸಾಬವ್ವ ಹೇಳಿದ ಹಾಗೆ ಬರೆದುಕೊಟ್ಟ. ಅದನ್ನು ಒಳಗೋಡೆಗೆ ತೂಗುಹಾಕಿ, ಮಗಳನ್ನು ಬಾಗಿಲಲ್ಲಿ ನಿಲ್ಲಿಸಿ, ಒಂದೊಂದೇ ಕಣ್ಣು ಮುಚ್ಚಿಸಿ ಕೇಳತೊಡಗಿದಳು.

ಮೊದಮೊದಲು ಎಡಗಣ್ಣಿನಲ್ಲಿ ಮಾನಿ ತಪ್ಪುತ್ತಿದ್ದಳು. ಅಂಥ ಒಂದು ಸಂಜೆ ಸಾಬವ್ವ ತಕ್ತೆಯ ಮುಂದೆಯೇ ಕುಸಿದು, ಸೆರಗು ಬಾಯಿಗೆ ತುರುಕಿಕೊಂಡು ಅತ್ತಳು. ಮಾನಿ ಬಾಗಿಲಲ್ಲೇ ನಿಂತು ನೋಡುತ್ತಿದ್ದಳು. ಕೆಲವು ದಿನ ಕಳೆದ ಮೇಲೆ ತಪ್ಪು ನಿಂತುಹೋಯಿತು. ಮುಂದೆ ಯಾವ ಕಣ್ಣು ಮುಚ್ಚಿದರೂ ಹುಡುಗಿ ಕೆಳಗಿನ ಸಾಲಿನವರೆಗೆ ಸರಾಗವಾಗಿ ಹೇಳುತ್ತಿದ್ದಳು. ಮೊದಲು ಮಗುವಿಗೆ ಆಟ ತಿಳಿದಿರಲಿಲ್ಲ, ಈಗ ತಿಳಿಯಿತು ಎಂದು ಸಾಬವ್ವ ಸಮಾಧಾನ ಮಾಡಿಕೊಂಡಳು. ಆ ಎರಡು ವರ್ಷ ಆಕೆ ಮೈತುಂಬಿಕೊಂಡಳು, ಗಾರೆ ಹೊರುವಾಗ ಹಾಡಿದಳು ಕೂಡ.

೧೯೮೪ರ ಬೇಸಿಗೆಯಲ್ಲಿ ಮಾನಿಯ ಬಲಗಣ್ಣಿಗೆ ಸುಣ್ಣದ ಧೂಳು ಬಿತ್ತು. ಊರ ಕಂಪೌಂಡರ್ ತೊಳೆದು, ಮುಲಾಮು ಹಚ್ಚಿ, ಹತ್ತಿ ಇಟ್ಟು ಪಟ್ಟಿ ಕಟ್ಟಿದ. ಮರುದಿನ ಮಧ್ಯಾಹ್ನ ಮರೆಮ್ಮ ಮೊರದಲ್ಲಿ ಜೋಳ ಹಸನು ಮಾಡುತ್ತಿದ್ದಳು. ಹುಡುಗಿಯೂ ಪಕ್ಕದಲ್ಲಿ ಕುಳಿತು ಕೈ ಹಾಕಿತು. ಸ್ವಲ್ಪ ಹೊತ್ತಿನಲ್ಲಿ ಮರೆಮ್ಮನ ಕೈ ನಿಂತಿತು. ಹುಡುಗಿ ಜೋಳ ಎಸೆಯುತ್ತಿತ್ತು, ಕಲ್ಲು ಉಳಿಸುತ್ತಿತ್ತು. ಮುಖವನ್ನು ಮೊರಕ್ಕೆ ತಾಗುವಷ್ಟು ಬಗ್ಗಿಸಿ ಒಂದೊಂದನ್ನೂ ಬೆರಳಿನಿಂದ ಹೊಸಕಿ ಗುರುತು ಹಿಡಿಯುತ್ತಿತ್ತು.

ವರ್ಷಗಳ ಮೇಲೆ ಮರೆಮ್ಮ ಕೂಸಿನ ಬಗ್ಗೆ ಬಾಯಿ ತೆರೆದಳು. "ಸಾಬವ್ವಾ, ಇಲ್ಲಿ ಬಾ. ಈ ಹುಡುಗಿಗಿ ಈ ಕಣ್ಣಾಗ ಕಾಣಂಗಿಲ್ಲ."

ಸಾಬವ್ವ ನಂಬಲಿಲ್ಲ. ಮಗಳನ್ನು ಎಳೆದುಕೊಂಡು ಹೋಗಿ ತಕ್ತೆಯ ಮುಂದೆ ನಿಲ್ಲಿಸಿದಳು. ಪಟ್ಟಿ ಕಟ್ಟಿದ ಕಣ್ಣು ಪಟ್ಟಿಯೊಳಗೇ ಇತ್ತು. ಮಾನಿ ಒಂದೂ ತಪ್ಪದೆ ಹೇಳಿದಳು.

"ನೋಡ್ರಿ ಅತ್ತಿ. ಕಾಣಸ್ತದ."

ಮರೆಮ್ಮ ಕಲ್ಲು ಜೋಳ ಬೆರೆತ ಮೊರವನ್ನು ಸೊಸೆಯ ಮುಂದೆ ತಂದಿಟ್ಟಳು. "ಒಮ್ಮೆ ನಾ ಸುಳ್ಳ ಧೈರ್ಯ ಹೇಳಿ ಕೂಸಿಗಿ ಕಳಕೊಂಡೀನಿ. ಈಗ ನೀ ಹೇಳಬ್ಯಾಡ. ನಡಿ, ದವಾಖಾನಿಗಿ ಹೋಗಮು."

ಮೂವರೂ ಪುಣೆಯ ಲೋಕಲ್ ರೈಲು ಹತ್ತಿದರು. ದಾರಿಯುದ್ದಕ್ಕೂ ಸಾಬವ್ವ ಮಗಳ ಎಡಗಣ್ಣಿನ ಪಾಪೆಯನ್ನೇ ನೋಡುತ್ತಿದ್ದಳು. ಗಾಡಿ ಬಿಸಿಲಿನಿಂದ ನೆರಳಿಗೆ ಹೊಕ್ಕಾಗೆಲ್ಲ ಅಲ್ಲಿ ಬೆಳ್ಳಗೆ ಕಂಡ ಹಾಗಾಗುತ್ತಿತ್ತು, ಮತ್ತೆ ನೋಡಿದರೆ ಏನೂ ಇರುತ್ತಿರಲಿಲ್ಲ.

ಡಾಕ್ಟರ್ ಬಾಯಿಯ ಕೂದಲು ನೆರೆತಿತ್ತು, ಆದರೆ ಆಕೆಯೇ ಇದ್ದಳು. ಪಟ್ಟಿ ಬಿಚ್ಚಿ ಬಲಗಣ್ಣು ಮಾಯುತ್ತಿರುವುದನ್ನು ನೋಡಿ, ಅದರ ಮೇಲೆ ಕಪ್ಪು ಮುಚ್ಚಳ ಇಟ್ಟು, ಮಾನಿಯನ್ನು ಗೋಡೆಯ ತಕ್ತೆಯ ಎದುರು ಕುರ್ಚಿಯಲ್ಲಿ ಕೂಡಿಸಿದಳು. ಕೋಲಿನಿಂದ ಒಂದು ಗುರುತು ತೋರಿಸಬೇಕೆಂದು ಕೈ ಎತ್ತಿದಳು ಅಷ್ಟೇ, ಮಾನಿ ಶುರುಮಾಡಿಬಿಟ್ಟಳು.

"ಮ್ಯಾಲ. ಆ ಕಡಿ. ತೆಳಗ. ತೆಳಗ. ಈ ಕಡಿ. ಮ್ಯಾಲ..."

ಕೋಲು ಗಾಳಿಯಲ್ಲೇ ನಿಂತಿತು. ಹುಡುಗಿ ಕೈಯನ್ನು ಅತ್ತಿತ್ತ ತಿರುಗಿಸುತ್ತ ಮಗ್ಗಿ ಒಪ್ಪಿಸುವ ಹಾಗೆ ಕೊನೆಯವರೆಗೂ ಹೇಳಿ ಮುಗಿಸಿ, ತಾಯಿಯ ಕಡೆ ತಿರುಗಿ ನಕ್ಕಳು. ಡಾಕ್ಟರ್ ಬಾಯಿಗೆ ಏನೂ ತಿಳಿಯಲಿಲ್ಲ. ಸಾಬವ್ವನಿಗೆ ತಿಳಿಯಿತು. ಅದು ಗೂಳಪ್ಪ ಕ್ಯಾಲೆಂಡರಿನ ಮೇಲೆ ಬರೆದ ಸಾಲು. ಎದುರಿನ ಗೋಡೆಯ ತಕ್ತೆಯಲ್ಲಿ ಮೊದಲ ಗುರುತಿನ ಹಲ್ಲೇ ಬೇರೆ ಕಡೆಗಿತ್ತು. ತಾಯಿ ಕಲಿಸಿದ್ದನ್ನು ಮಗಳು ಕಲಿತಿದ್ದಳು, ಅಷ್ಟೇ.

ಹನಿ ಹಾಕಿ ಪಾಪೆ ಅಗಲವಾಗುವವರೆಗೆ ಹೊರಗೆ ಕಾಯಿರೆಂದರು. ಮರೆಮ್ಮ ಮೊಮ್ಮಗಳ ತಲೆಯನ್ನು ತೊಡೆಯ ಮೇಲೆ ಇಟ್ಟುಕೊಂಡಳು. ಸಾಬವ್ವನಿಗೆ ಕೂಡಲಾಗಲಿಲ್ಲ, ನಿಲ್ಲಲಾಗಲಿಲ್ಲ. ಇದೂ ಹೋಯಿತು, ನಾನೇ ಮನೆಯಲ್ಲಿ ಇಟ್ಟುಕೊಂಡು ಕೊಂದೆ ಎಂದೇ ಆಕೆಯ ಮನಸ್ಸು ಹೇಳುತ್ತಿತ್ತು. ಮತ್ತೆ ಒಳಗೆ ಕರೆದು ಡಾಕ್ಟರ್ ಬಾಯಿ ಹಣೆಗೆ ದೀಪ ಕಟ್ಟಿಕೊಂಡು ನೋಡುವಾಗ ಸಾಬವ್ವ ಗೋಡೆಗೆ ಮುಖ ಮಾಡಿ ನಿಂತಳು.

"ಸ್ವಚ್ಛ ಆಹೆ," ಎಂದಳು ಡಾಕ್ಟರ್ ಬಾಯಿ.

ಗಡ್ಡೆ ಇರಲಿಲ್ಲ. ಇದ್ದದ್ದು ಬೇರೆ. ಎಡಗಣ್ಣಿಗೆ ಹುಟ್ಟಿನಿಂದಲೇ ದೊಡ್ಡ ನಂಬರಿನ ಕನ್ನಡಕ ಬೇಕಾಗಿತ್ತು. ಅದು ಮಸುಕಾಗಿ ತೋರಿಸಿದ್ದನ್ನು ಮಿದುಳು ಬೇಡವೆಂದು ತಳ್ಳಿ, ಬಲಗಣ್ಣೊಂದರಿಂದಲೇ ಕೆಲಸ ಸಾಗಿಸಿಕೊಂಡಿತ್ತು. ಹಾಗಾಗಿ ಎಡಗಣ್ಣು ನೋಡುವುದನ್ನು ಕಲಿತೇ ಇರಲಿಲ್ಲ. ಕನ್ನಡಕ ಹಾಕಿ, ಒಳ್ಳೆಯ ಕಣ್ಣನ್ನು ಮುಚ್ಚಿ, ಸೋಮಾರಿ ಕಣ್ಣನ್ನು ದುಡಿಸಬೇಕು. "ನಾಲ್ಕರಲ್ಲಿ ಬಂದಿದ್ದರೆ ಸುಲಭವಿತ್ತು," ಎಂದಳು ಡಾಕ್ಟರ್ ಬಾಯಿ. "ಈಗ ಎಷ್ಟು ಬರುತ್ತದೋ ಅಷ್ಟು." ಬೈಯಲಿಲ್ಲ. ಬೈದಿದ್ದರೆ ಸಾಬವ್ವನಿಗೆ ಹಗುರಾಗುತ್ತಿತ್ತೇನೋ.

ಸ್ಟೇಷನ್ನಿನ ಬೆಂಚಿನ ಮೇಲೆ ಕುಳಿತಾಗ ಸಾಬವ್ವ ಕೇಳಿದಳು. "ಕಾಣಲ್ದಿದ್ರ ಕಾಣಂಗಿಲ್ಲ ಅಂತ ಯಾಕ ಹೇಳ್ಲಿಲ್ಲ ಮಾನಿ?"

ಹುಡುಗಿ ಕಾಲು ಆಡಿಸುತ್ತಿದ್ದಳು. ಹನಿ ಹಾಕಿದ್ದರಿಂದ ಕಣ್ಣು ಕಿರಿದು ಮಾಡಿಕೊಂಡಿದ್ದಳು. "ನಾ ತಪ್ಪ ಹೇಳಿದ್ರ ನೀ ಅಳತಿದ್ದಿ ಯವ್ವ," ಎಂದಳು. "ಸರಿ ಹೇಳಿದ್ರ ನಗತಿದ್ದಿ."

ಮರೆಮ್ಮ ಮುಖ ಆ ಕಡೆ ಮಾಡಿದಳು. ಸಾಬವ್ವನಿಗೆ ಕಣ್ಣೀರು ಉಕ್ಕಿ ಬಂತು. ಆದರೆ ಮಗಳು ತನ್ನನ್ನೇ ನೋಡುತ್ತಿದ್ದಾಳೆಂದು ತಿಳಿದು, ಕೆಳಗೆ ಬಗ್ಗಿ ಸುಮ್ಮನೆ ಚಪ್ಪಲಿಯ ಪಟ್ಟಿ ಸರಿಮಾಡುತ್ತ ಕುಳಿತಳು. ಗಾಡಿ ಬರುವವರೆಗೆ ತಲೆ ಎತ್ತಲಿಲ್ಲ.

ಮನೆಗೆ ಬಂದು ಸಾಬವ್ವ ಕ್ಯಾಲೆಂಡರನ್ನು ಒಲೆಗೆ ಹಾಕಲು ಹೊರಟಾಗ ಜಟ್ಟೆಪ್ಪ ಕಸಿದುಕೊಂಡು ಮಡಚಿ ಮನೆಯ ತಗಡಿನ ಚಾವಣಿಯ ಮೇಲೆ ಎಸೆದ. "ಇನ್ನ ನೀ ನೋಡಬ್ಯಾಡ," ಎಂದ. "ನಾ ಕರಕೊಂಡು ಹೋಗ್ತೀನಿ. ಅವರು ನೋಡ್ಲಿ."

ಮುಂದಿನ ನಾಲ್ಕು ವರ್ಷ ಕಷ್ಟದವು. ಒಳ್ಳೆಯ ಕಣ್ಣು ಮುಚ್ಚಿದರೆ ಮಾನಿಗೆ ಶಾಲೆಯ ಹಲಗೆ ಕಾಣುತ್ತಿರಲಿಲ್ಲ. ಹುಡುಗರು ಕಾಣೀ ಕಾಣೀ ಎಂದು ಕಾಡುತ್ತಿದ್ದರು. ಮರಾಠಿಯಲ್ಲಿ ಅದರರ್ಥ ಒಕ್ಕಣ್ಣಿ. ಅವಳು ಪಟ್ಟಿ ಕಿತ್ತು ಮೋರಿಗೆ ಎಸೆದು ಬರುತ್ತಿದ್ದಳು, ಮರೆಮ್ಮ ಕೈಯಿಂದ ಮತ್ತೊಂದು ಹೊಲಿದು ಕಟ್ಟುತ್ತಿದ್ದಳು. ಸಾಬವ್ವನ ಕೈ ಮಾತ್ರ ಹಳೆಯ ಚಾಳಿ ಬಿಡಲೊಲ್ಲದು. ಮಗಳು ಎದುರು ಬಂದರೆ ಅಂಗೈ ತಾನಾಗಿ ಏಳುತ್ತಿತ್ತು. ಎಷ್ಟೋ ಸಲ ಏಳುವ ಕೈಯನ್ನು ಸೊಂಟಕ್ಕೆ ಸಿಕ್ಕಿಸಿಕೊಂಡು ಹೊರಗೆ ಹೋಗಿ ನಿಲ್ಲುತ್ತಿದ್ದಳು. ಕೆಲವು ಸಲ ಸೋಲುತ್ತಿದ್ದಳು, "ಅದು ಏನದ ಹೇಳು, ಅಲ್ಲಿ," ಎಂದು ಕೇಳಿಬಿಡುತ್ತಿದ್ದಳು. ಆಗ ಮಾನಿಯ ಮುಖ ಮುಚ್ಚಿಕೊಳ್ಳುತ್ತಿತ್ತು.

೧೯೮೮ರಲ್ಲಿ, ಮಾನಿಗೆ ಹತ್ತು ವರ್ಷ, ಜಟ್ಟೆಪ್ಪ ಇಂದಾಪುರದ ಕಡೆ ಕೆಲಸಕ್ಕೆ ಹೋಗಿದ್ದ. ಪಟ್ಟಿ ಇನ್ನು ಬೇಕೋ ಬೇಡವೋ ಎಂದು ನೋಡುವ ದಿನ ಸಾಬವ್ವನೇ ಕರೆದುಕೊಂಡು ಹೋಗಬೇಕಾಯಿತು. ಬಾಗಿಲ ಹೊರಗೆ ಇರುತ್ತೇನೆಂದಳು, ಮಾನಿ ಒಳಗೆ ಕರೆದಳು.

ಮಾನಿಗೆ ಕನ್ನಡಕ ಹಾಕಿಸಿ, ಬಲಗಣ್ಣು ಮುಚ್ಚಿಸಿ, ಹೊಸ ಡಾಕ್ಟರು ಕೋಲಿನಿಂದ ಮೇಲಿನಿಂದ ಕೆಳಗೆ ಗುರುತು ತೋರಿಸುತ್ತ ಬಂದ. ಮಾನಿ ನಿಧಾನವಾಗಿ, ಒಂದೊಂದಕ್ಕೂ ಯೋಚಿಸಿ ಹೇಳಿದಳು. ಅರ್ಧ ತಕ್ತೆ ದಾಟಿದ ಮೇಲೆ ತಡವರಿಸಿದಳು. ಇನ್ನೂ ಒಂದು ಸಾಲು ಕೆಳಗೆ ಬಂದಾಗ ತಿರುಗಿ ತಾಯಿಯ ಮುಖ ನೋಡಿದಳು. ಸಾಬವ್ವ ಉಗುರು ಅಂಗೈಗೆ ಒತ್ತಿಕೊಂಡು ನಿಂತಿದ್ದಳು. ಅಳಲೂ ಇಲ್ಲ, ನಗಲೂ ಇಲ್ಲ.

"ಇದು ಕಾಣಂಗಿಲ್ರಿ," ಎಂದಳು ಮಾನಿ, ತಾಯಿಯ ಮುಖದಿಂದ ಕಣ್ಣು ತೆಗೆಯದೆ.

"ಆಯ್ತವ್ವ," ಎಂದಳು ಸಾಬವ್ವ. "ಕಾಣಲ್ದಿದ್ರ ಬಿಡು."

ಇನ್ನು ಪಟ್ಟಿ ಬೇಡ, ಬರುವಷ್ಟು ಬಂದಿದೆ ಎಂದು ಡಾಕ್ಟರು ಹೇಳಿದ. ಹೊರಗೆ ಬಂದು ತಾಯಿ ಮಗಳು ಬಸ್ ಸ್ಟಾಪಿಗೆ ನಡೆದರು. ರಸ್ತೆ ದಾಟುವಾಗ ಸಾಬವ್ವ ಮಗಳ ಎಡಗಡೆ ಬಂದು ನಿಂತಳು.