ಕಾಯಿ ಬಿಡಿಸದೆ ಕಟ್ಟಿದ ಜಾಲಿ ಬೇಲಿ

ಜಾಲಿ ಮರ ಬಂತೆಂದರೆ ನಾವೆಲ್ಲ ನೆಲ ನೋಡಿಕೊಂಡು ನಡೆಯುತ್ತೇವೆ, ಕಾಲಿಗೆ ಮುಳ್ಳು ಹೊಕ್ಕೀತು ಎಂದು. ಚನ್ನಾಜಮ್ಮ ಮಾತ್ರ ತಲೆ ಎತ್ತಿ ನೋಡುತ್ತಿದ್ದಳು. ಯಾವ ಕೊಂಬೆ ಬೇಲಿಗೆ ಬಂದಿದೆ, ಯಾವುದು ಇನ್ನೂ ಎಳೆಯದು ಎಂದು ನಿಂತಲ್ಲೇ ಗೊತ್ತುಮಾಡಿಕೊಳ್ಳುತ್ತಿದ್ದಳು.

ನಮ್ಮೂರು ಚಿಕ್ಕಯ್ಯನಛತ್ರದ ಹತ್ತಿರ. ಅವಳು ನರಸೀಪುರದ ಕಡೆಯ ಹೆಣ್ಣು, ಮದುವೆಯಾಗಿ ನಮ್ಮ ಪಕ್ಕದ ಮನೆಗೆ ಬಂದವಳು. ಅವಳಪ್ಪನಿಗೆ ಬೇಲಿ ಕಟ್ಟುವುದೇ ಕೆಲಸ. ಗಂಡುಮಕ್ಕಳಿರಲಿಲ್ಲ, ಹಾಗಾಗಿ ಇವಳನ್ನೇ ಜೊತೆಗೆ ಕರೆದೊಯ್ಯುತ್ತಿದ್ದನಂತೆ. ಜಾಲಿ ಕೊಂಬೆಯ ಬುಡ ತೋಟದ ಕಡೆಗೆ, ತುದಿ ದಾರಿಯ ಕಡೆಗೆ. ಒಂದರ ಮೇಲೊಂದು ಪೇರಿಸಿ, ಕವಲಿರುವ ಕೋಲಿನಿಂದ ಅದುಮಿ, ಕತ್ತಾಳೆ ನಾರಿನಿಂದ ಗೂಟಕ್ಕೆ ಬಿಗಿಯಬೇಕು. ಹಾಗೆ ಕಟ್ಟಿದರೆ ಕೋಳಿಯೂ ನುಸುಳುವುದಿಲ್ಲ.

ಗಂಡ ತಿಮ್ಮಯ್ಯನದೂ ಇದೇ ಕೆಲಸ. ತೊಂಬತ್ತಾರರಲ್ಲಿ ಹುಣಸೆ ಮರದಿಂದ ಬಿದ್ದು ಸೊಂಟ ಹಿಡಿದುಕೊಂಡಿತು. ಇನ್ನು ಭಾರ ಎಳೆಯಕೂಡದು ಎಂದು ನಂಜನಗೂಡಿನ ಡಾಕ್ಟರು ಹೇಳಿ ಕಳಿಸಿದರು. ಅವನು ಕೂತು ಕತ್ತಾಳೆ ನಾರು ಹೊಸೆಯತೊಡಗಿದ, ಇವಳು ಮಚ್ಚು ಕೈಗೆತ್ತಿಕೊಂಡಳು. ಹೆಂಗಸೊಬ್ಬಳು ಬೇಲಿ ಕಟ್ಟುವುದನ್ನು ನಮ್ಮೂರು ಕಂಡಿರಲಿಲ್ಲ. ಅವಳು ಮೊದಲು ಕೆಲಸ ಕೇಳಲು ಹೋದದ್ದು ಪುಟ್ಟಬಸವಯ್ಯನ ಮನೆಗೆ. ಅವನದು ರೇಷ್ಮೆ ಹುಳ ಸಾಕುವ ಮನೆ. ಹಿಪ್ಪುನೇರಳೆ ತೋಟ ಎರಡಿದ್ದವು, ಒಂದು ಹೊಳೆಯ ಕಡೆ, ಇನ್ನೊಂದು ಮೇಕೆ ಓಡಾಡುವ ದಾರಿಯ ಪಕ್ಕದಲ್ಲೇ.

"ಅಲ್ಲ ಕಣವ್ವ, ನೀ ಕಟ್ಟಿದ ಬೇಲಿಗೆ ಮೇಕೆ ಎದರ್ಕತವಾ?" ಎಂದ ಅವನು.

"ನನ್ನ ನೋಡಿ ಯಾಕಣ್ಣ ಎದರ್ಕಬೇಕು? ಮುಳ್ಳ ನೋಡಿ ಎದರ್ಕಂಡ್ರೆ ಸಾಕು."

"ಆಯ್ತು, ಕಟ್ಟು. ಉಳ ಗೂಡು ಕಟ್ಟೋಗಂಟ ನಿಂತ್ರೆ ಒಳೆ ಕಡೆ ತೋಟನೂ ನಿಂಗೇ. ಬೀಳ್ತು ಅಂದ್ರೆ ಬ್ಯಾರೆ ಆಳ ಕರಸ್ತೀನಿ. ಆಮ್ಯಾಕೆ ಊರಲ್ಲಿ ಯಾರೂ ನಿನ್ನ ಕರೆಯಕ್ಕಿಲ್ಲ, ನೋಡ್ಕೋ."

ಆ ಮಾತು ನಿಜ. ಅವನು ಬೇಡವೆಂದರೆ ಉಳಿದವರೂ ಬೇಡವೆನ್ನುತ್ತಿದ್ದರು. ಅವಳ ಕೈಗೆ ಗೊತ್ತಿದ್ದದ್ದು ಅದೊಂದೇ ಕೆಲಸ.

ಮುಳ್ಳು ಕಡಿದು, ಎಳೆದು ತಂದು, ಬೇಲಿ ಮುಗಿಸಿದಳು. ನಾನೂ ಹೋಗಿ ನೋಡಿ ಬಂದೆ. ಕಣ್ಣಿಗೆ ಹಬ್ಬ. ಕೊಂಬೆ ತುಂಬ ಬೂದುಬಣ್ಣದ ಕಾಯಿ, ಮಣಿಸರದ ಹಾಗೆ ಜೋತಾಡುತ್ತಿದ್ದವು. ಶಿವರಾತ್ರಿ ಕಳೆದಿತ್ತು, ಜಾಲಿ ಕಾಯಿ ಬಲಿಯುವ ಕಾಲ. ಅವಳಪ್ಪನೂ ತಿಮ್ಮಯ್ಯನೂ ಬೇಲಿ ಕಟ್ಟುತ್ತಿದ್ದದ್ದು ದೀಪಾವಳಿಯ ಸುಮಾರಿಗೆ. ಆಗ ಕೊಂಬೆಯಲ್ಲಿ ಹಳದಿ ಹೂವಷ್ಟೇ ಇರುತ್ತದೆ.

ಮಾರನೆಯ ಬೆಳಿಗ್ಗೆ ತೋಟದ ಕಡೆಯಿಂದ ಪುಟ್ಟಬಸವಯ್ಯನ ಕೂಗು ಕೇಳಿ ಓಡಿದೆವು. ಬೇಲಿಗೆ ಮೇಕೆಗಳು ಮುತ್ತಿಕೊಂಡಿದ್ದವು. ಹಿಂಗಾಲ ಮೇಲೆ ನಿಂತು ಕಾಯಿ ಕೀಳುತ್ತಿದ್ದವು, ಕಾಯಿಯ ಜೊತೆ ಕೊಂಬೆಯನ್ನೂ ಎಳೆದು ಬೀಳಿಸುತ್ತಿದ್ದವು. ಒಂದು ಬಿಳಿ ಮೇಕೆ ಆಗಲೇ ಒಳಗೆ ನುಗ್ಗಿ ಹಿಪ್ಪುನೇರಳೆ ಸೊಪ್ಪಿಗೆ ಬಾಯಿ ಹಾಕಿತ್ತು. ಅದು ಪುಟ್ಟಬಸವಯ್ಯನ ಹೆಂಡತಿ ಮಹದೇವಮ್ಮನದೇ.

ಚನ್ನಾಜಮ್ಮ ಬಂದವಳು ಮೇಕೆಯ ಬಾಯಿ ನೋಡಿದಳು, ಬೇಲಿ ನೋಡಿದಳು. ಅವಳಿಗೆ ನಗು ತಡೆಯಲಾಗಲಿಲ್ಲ.

"ಅಯ್ಯೋ ಅಣ್ಣ, ನಾ ಬೇಲಿ ಕಟ್ನಿಲ್ಲ ಕಣಣ್ಣ, ಮೇಕೆಗೆ ಮದ್ವೆ ಊಟ ಆಕ್ಬುಟ್ಟಿವ್ನಿ!"

"ನಗ್ತೀಯಾ? ನಾಳೀಕೇ ಛತ್ರದಿಂದ ಆಳ ಕರಸ್ತೀನಿ."

ಮಹದೇವಮ್ಮ ಮೇಕೆಯ ಕಿವಿ ಹಿಡಿದು ಈಚೆಗೆ ಎಳೆದುಕೊಂಡು ಬಂದಳು. "ಆ ಆಳು ಕಾಯಿ ಬಿಡ್ಸಿ ಕಟ್ಟಾನು ಅಂತ ಏನು ಗ್ಯಾರಂಟಿ? ಇವ್ಳಿಗಾದ್ರೆ ಬುದ್ಧಿ ಬಂದದೆ. ಅದೂ ಅಲ್ದೆ ತಿಂದಿರೋದು ನಮ್ ಮೇಕೇನೆ. ಊರಿಗೆಲ್ಲ ಸಾರಬ್ಯಾಡ, ಸುಮ್ಕಿರು."

ಪುಟ್ಟಬಸವಯ್ಯ ಮೀಸೆ ಉಜ್ಜಿಕೊಂಡ. "ಸಂಜೆಗಂಟ ಟೈಮು," ಎಂದು ಹೊರಟುಹೋದ.

ಅಷ್ಟು ಕಾಯಿಯನ್ನು ಸಂಜೆಯೊಳಗೆ ಒಬ್ಬಳೇ ಬಿಡಿಸುವುದುಂಟೇ? ಚನ್ನಾಜಮ್ಮ ನೆಟ್ಟಗೆ ಮೇಕೆ ಸಾಕಿದವರ ಬೀದಿಗೆ ಹೋದಳು. "ಬನ್ರವ್ವ, ಕಾಯಿ ನಿಮ್ದು, ಮುಳ್ಳು ನಂದು," ಎಂದು ಕೂಗಿದಳು. ಜಾಲಿ ಕಾಯಿ ಎಂದರೆ ಹಾಲು ಕೊಡುವ ಮೇಕೆಗೆ ಒಳ್ಳೆಯ ಮೇವು. ಹೆಂಗಸರು ಮಂಕರಿ ಹಿಡಿದು ಬಂದೇಬಿಟ್ಟರು. ನಾನೂ ಕೂತೆ. ಯಾರ ಸೊಸೆ ಏನಂದಳು, ಯಾರ ಮನೆ ಟಿವಿ ಕೆಟ್ಟಿತು, ಎಲ್ಲ ಸುದ್ದಿಯೂ ಅಲ್ಲೇ ಆಯಿತು. ಮುಳ್ಳು ಚುಚ್ಚಿದವರು ಪಕ್ಕದ ಎಕ್ಕದ ಗಿಡದ ಹಾಲು ಹಚ್ಚಿಕೊಂಡು ಮತ್ತೆ ಕೂರುತ್ತಿದ್ದರು. ಕಾಯಿ ಬಿಡಿಸಿದ ಕೊಂಬೆಯನ್ನು ಚನ್ನಾಜಮ್ಮ ಅದುಮುತ್ತ ಹೋದಳು, ತಿಮ್ಮಯ್ಯ ಕೂತಲ್ಲಿಂದಲೇ ಸರಿದು ಸರಿದು ನಾರು ಬಿಗಿದ.

"ಅಮ್ಮೀ, ಇನ್ನೊಸಿ ಅದುಮು."

"ನಿಂಗೇನು, ಕೂತ್ಕಂಡು ಯೋಳ್ತೀಯ!"

ಹೊತ್ತು ಮುಳುಗುವ ಮುಂಚೆ ಮಹದೇವಮ್ಮ ತಾನೇ ಆ ಬಿಳಿ ಮೇಕೆಯನ್ನು ಬಿಟ್ಟಳು. ಎಲ್ಲರೂ ಮಂಕರಿ ಕೆಳಗಿಟ್ಟು ನೋಡಿದೆವು. ಅದು ಬಂತು, ಮೂಸಿತು, ಮುಂಗಾಲೆತ್ತಿ ಮೂತಿ ಇಟ್ಟಿತು. ಮುಳ್ಳು ಚುಚ್ಚಿರಬೇಕು, ಗಟ್ಟಿಯಾಗಿ ಸೀನಿ, ತಲೆ ಕೊಡವಿಕೊಂಡು ಮನೆಯ ದಾರಿ ಹಿಡಿಯಿತು. ಹೆಂಗಸರೆಲ್ಲ ಹೋ ಎಂದರು.

ಹುಳ ಗೂಡು ಕಟ್ಟಿತು, ಬೇಲಿ ನಿಂತೇ ಇತ್ತು. ಪುಟ್ಟಬಸವಯ್ಯ ಚನ್ನಾಜಮ್ಮನ ಬಾಗಿಲಿಗೇ ಬಂದು ಕೆಮ್ಮಿದ.

"ಒಳೆ ಕಡೆ ತೋಟಕ್ಕೆ ಯಾವಾಗ ಬತ್ತೀಯವ್ವ?"

"ನಾಳೀಕೇ ಬತ್ತೀನಿ ಕಣಣ್ಣ. ನಿಮ್ಮನೆ ಅಕ್ಕನ್ಗೆ ಮಂಕರಿ ತರಕ್ ಯೋಳು."